ಎರಡನೇ ಮಗ್ಗದ ಸದ್ದು

ದೊಡ್ಡಬಳ್ಳಾಪುರದ ನಮ್ಮ ನೇಕಾರರ ಬೀದಿಯಲ್ಲಿ ಗುಟ್ಟು ಅನ್ನುವ ಪದಾರ್ಥವೇ ಇರಲಿಲ್ಲ. ಯಾರ ಮನೆಯಲ್ಲಿ ಹುಳಿ ಹಳಸಿತು, ಯಾರ ಸೊಸೆ ಮುನಿಸಿಕೊಂಡು ತವರಿಗೆ ಹೋದಳು, ಯಾರ ಅಳಿಯ ಬಂದು ನಾಲ್ಕು ದಿನವಾದರೂ ಹೊರಡುವ ಸೂಚನೆ ಕೊಡಲಿಲ್ಲ, ಎಲ್ಲವೂ ಬೆಳಗ್ಗೆ ನೀರು ಸೇದುವ ಹೊತ್ತಿಗೆ ಬಾವಿಕಟ್ಟೆಗೆ ಬಂದು ಕೂತಿರುತ್ತಿತ್ತು. ಜನರ ಬಾಯಿ ಸಾಲದು ಅಂತ ಮಗ್ಗಗಳು ಬೇರೆ ಚಾಡಿ ಹೇಳುತ್ತಿದ್ದವು. ಮಗ್ಗ ಆಡಿದರೆ ಮನೆಯಲ್ಲಿ ನೂಲಿದೆ, ನೂಲಿದ್ದರೆ ಕೈಯಲ್ಲಿ ಕಾಸಿದೆ, ಕಾಸಿದ್ದರೆ ಸಾಲವಿಲ್ಲ. ಮಗ್ಗ ನಿಂತರೆ ಎಲ್ಲವೂ ತಿರುಗಾಮುರುಗಾ. ಇದು ನಮ್ಮ ಬೀದಿಯ ಲೆಕ್ಕ.

ಹೆಣ್ಣು ನೋಡುವವರೂ ಇದೇ ಲೆಕ್ಕ ಹಿಡಿದು ಬರುತ್ತಿದ್ದರು. ಮನೆಯೊಳಗೆ ಕೂತು ಉಪ್ಪಿಟ್ಟು ತಿನ್ನುವುದು ಆಮೇಲಿನ ಮಾತು. ಅದಕ್ಕೆ ಮೊದಲು ಒಂದು ಬೆಳಗ್ಗೆ ಗಂಡಿನ ಕಡೆಯ ಹಿರಿಯರೊಬ್ಬರು ಯಾರಿಗೂ ಹೇಳದೆ ಬೀದಿಗೆ ಬಂದು, ಆ ಮನೆಯ ಮುಂದೆ ಚಪ್ಪಲಿ ಸರಿಮಾಡಿಕೊಳ್ಳುವ ನೆಪದಲ್ಲಿ ಬಗ್ಗಿ, ಒಳಗೆ ಎಷ್ಟು ಮಗ್ಗ ಆಡುತ್ತಿವೆ ಎಂದು ಕಿವಿಗೊಟ್ಟು ಕೇಳಿ ಹೋಗುತ್ತಿದ್ದರು. ಹೆಣ್ಣಿನ ಮೂಗು ಮುಖ ನೋಡುವುದಕ್ಕಿಂತ ಮಗ್ಗದ ಸದ್ದು ಕೇಳುವುದೇ ಮುಖ್ಯ. ಬೀದಿಯಲ್ಲಿ ಯಾರಾದರೂ ಅಪರಿಚಿತರು ಚಪ್ಪಲಿ ಮುಟ್ಟಿಕೊಂಡರೆ ಸಾಕು, ನಾವು ಹುಡುಗಿಯರು ಲಾಳಿಗೆ ಹಾಕುವ ನೂಲಿನ ಕಂಡಿಕೆ ಸುತ್ತುವ ರಾಟೆ ಬಿಟ್ಟು ಕಿಟಕಿಗೆ ಓಡುತ್ತಿದ್ದೆವು.

ಇಂಥ ಬೀದಿಯ ತುದಿಯಲ್ಲಿ ನಮ್ಮ ನೇಕಾರರದೇ ಒಂದು ಸಣ್ಣ ಸಹಕಾರ ಬ್ಯಾಂಕು ಇತ್ತು. ಅದಕ್ಕೊಬ್ಬರು ಸೆಕ್ರೆಟರಿ. ಕಡ್ಡಿಯಂಥ ಆಳು, ಮೊಣಕೈ ಸವೆದ ಕರಿ ಕೋಟು, ನಶ್ಯದ ಕಲೆ ಹತ್ತಿದ ಕರವಸ್ತ್ರ. ಜನ ಹಿಂದಿನಿಂದ ಅವರನ್ನು ಮೂಗಪ್ಪ ಎಂದು ಕರೆಯುತ್ತಿದ್ದರು, ಏಕೆಂದರೆ ಊರಿನವರೆಲ್ಲ ಏನು ಕೇಳಿದರೂ ಅವರದು ಒಂದೇ ಉತ್ತರ: "ನಾನು ಹೇಳೋ ಹಾಗಿಲ್ಲ." ಲೆಡ್ಜರು ತೆರೆದರೆ ಅದರ ಮೇಲೊಂದು ಬಟ್ಟೆ ಹೊದಿಸುತ್ತಿದ್ದರು. ಅಂಚು ಕೆಟ್ಟು ಮಾರಾಟವಾಗದೆ ಉಳಿದ ಸೀರೆಯ ಕೆಂಪು ತುಂಡು ಅದು. ಬರೆಯುವ ಒಂದು ಗೆರೆ ಮಾತ್ರ ಹೊರಗೆ, ಉಳಿದ ಪುಟವೆಲ್ಲ ಬಟ್ಟೆಯ ಅಡಿಗೆ. ಎದುರಿಗೆ ನಿಂತವರು ಎಷ್ಟು ಕತ್ತು ಉದ್ದ ಮಾಡಿದರೂ ಕಾಣುವುದು ಆ ಕೆಂಪು ಬಟ್ಟೆ ಒಂದೇ.

ಅವರ ಬುದ್ಧಿವಂತಿಕೆ ಅಷ್ಟಕ್ಕೇ ನಿಂತಿರಲಿಲ್ಲ. ಮೊದಲು ಬ್ಯಾಂಕಿಗೆ ಹೋಗುವುದೆಂದರೇ ಸಾಲಕ್ಕೆ ಹೋಗುವುದು ಎಂದಾಗಿತ್ತು. ಬ್ಯಾಂಕಿನ ಮೆಟ್ಟಿಲು ಹತ್ತಿದವನ ಹೆಸರು ಅವನು ಇಳಿಯುವುದರೊಳಗೆ ಬಾವಿಕಟ್ಟೆ ಸೇರುತ್ತಿತ್ತು. ಅದಕ್ಕೆ ಹೆದರಿ ಜನ ಕದ್ದುಮುಚ್ಚಿ ಲೇವಾದೇವಿಯವರ ಹತ್ತಿರ ಹೋಗಿ ಎರಡರಷ್ಟು ಬಡ್ಡಿ ಕಟ್ಟುತ್ತಿದ್ದರು. ಎರಡನೇ ಮಹಾಯುದ್ಧ ಬಂದು ನೂಲಿಗೆ ರೇಷನ್ ಚೀಟಿಯಾದಾಗ, ಆ ನೂಲನ್ನು ಹಂಚುವ ಕೆಲಸ ಇದೇ ಬ್ಯಾಂಕಿಗೆ ಬಂತು. ಸೆಕ್ರೆಟರಿ ಏನು ಮಾಡಿದರು ಗೊತ್ತೆ? ವಾರಕ್ಕೊಮ್ಮೆ ನೂಲು ಹಂಚುವ ದಿನವೇ ಸಾಲದ ಅರ್ಜಿ ತೆಗೆದುಕೊಳ್ಳುವ ದಿನ ಎಂದು ಗೊತ್ತು ಮಾಡಿದರು. ಇಡೀ ಪೇಟೆಯೇ ಸಾಲುಗಟ್ಟಿ ನಿಂತಿರುವಾಗ ಯಾರು ನೂಲಿಗೆ ಬಂದವರು, ಯಾರು ಹಣಕ್ಕೆ ಬಂದವರು ಎಂದು ಹೇಗೆ ಹೇಳುವುದು? ನಮ್ಮ ಎದುರು ಮನೆಯ ಅಜ್ಜಿಗೆ ಇದರಿಂದ ಬಹಳ ಕಷ್ಟವಾಯಿತು. "ಇವನ ಮನೆ ಹಾಳಾಗ! ಒಂದು ಸುದ್ದೀನೂ ಸಿಗದ ಹಾಗೆ ಮಾಡ್ಬಿಟ್ನಲ್ಲೇ" ಎಂದು ಅವಳು ಕೈ ಹಿಸುಕಿಕೊಂಡಿದ್ದನ್ನು ನಾನೇ ನೋಡಿದ್ದೇನೆ.

ಅರ್ಜಿಗಳ ಬಗ್ಗೆ ಡೈರೆಕ್ಟರುಗಳು ಸಭೆ ಸೇರಿದಾಗ, ಎಂಥ ಬೇಸಿಗೆಯಿರಲಿ, ಸೆಕ್ರೆಟರಿ ಬೀದಿ ಕಡೆಯ ಕಿಟಕಿ ಮುಚ್ಚಿಸುತ್ತಿದ್ದರಂತೆ. ಸಭೆ ಮುಗಿದ ಮೇಲೆ ಡೈರೆಕ್ಟರುಗಳನ್ನೂ ಜಾಮೀನು ಹಾಕಿದವರನ್ನೂ ಘಾಟಿ ಸುಬ್ರಹ್ಮಣ್ಯದ ದಿಕ್ಕಿಗೆ ಮುಖ ಮಾಡಿ ನಿಲ್ಲಿಸಿ, ಕೇಳಿದ್ದನ್ನು ಹೊಸ್ತಿಲಾಚೆ ಒಯ್ಯುವುದಿಲ್ಲ ಎಂದು ಕೈಮುಗಿಸುತ್ತಿದ್ದರಂತೆ. ಘಾಟಿಯ ನಾಗದೇವರ ಮೇಲಿನ ಆಣೆ ತಪ್ಪುವ ಎದೆ ನಮ್ಮ ಪೇಟೆಯಲ್ಲಿ ಯಾರಿಗಿತ್ತು? ಹೆಂಡತಿಯರಿಗೂ ಹೇಳದೆ ಒದ್ದಾಡಿದ ಡೈರೆಕ್ಟರುಗಳಿದ್ದರು.

ಇಷ್ಟೆಲ್ಲ ಈಗ ಹೊಗಳಿ ಬರೆಯುತ್ತಿದ್ದೇನೆ. ಆ ಕಾಲದಲ್ಲಿ ಆ ಮನುಷ್ಯನನ್ನು ಕಂಡರೆ ನನಗೆ ಮೈ ಉರಿಯುತ್ತಿತ್ತು. ನನ್ನ ಮದುವೆ ಕೈತಪ್ಪಿಹೋಗಲು ಅವರೇ ಕಾರಣ ಎಂದು ನಂಬಿದ್ದೆ.

ಆಗ ನನಗೆ ಹತ್ತೊಂಬತ್ತು. ನಮ್ಮ ಕಡೆ ಆ ವಯಸ್ಸಿಗೆ ಕಂಕುಳಲ್ಲಿ ಒಂದು ಕೂಸು ಇರಬೇಕಾಗಿತ್ತು. ಎರಡು ಸಂಬಂಧ ಬಂದು, ನನ್ನ ಬಾಯಿ ಬೊಂಬಾಯಿ ಎಂದು ಕೇಳಿ ಹಿಂದಕ್ಕೆ ಹೋಗಿದ್ದವು. ಮೂರನೆಯದು ಊರಿನ ಆ ತುದಿಯ ಮನೆತನ. ಹುಡುಗ ಬಣ್ಣಕ್ಕಿಂತ ಗುಣ ಚೆನ್ನಾಗಿದ್ದವನು. ನೂಲಿನ ಚೀಟಿಯ ಸಾಲಿನಲ್ಲಿ ಒಮ್ಮೆ ಒಬ್ಬ ಮುದುಕಿಯ ಮೂಟೆ ಹೊತ್ತುಕೊಟ್ಟದ್ದನ್ನು ನೋಡಿದ್ದೆ. ನಿಜ ಹೇಳಬೇಕೆಂದರೆ ನನಗೆ ಆ ಹುಡುಗ ಬೇಕಾಗಿತ್ತು. ಯಾರ ಹತ್ತಿರವೂ ಹೇಳಿರಲಿಲ್ಲ, ಅಷ್ಟೆ.

ಆ ಮನೆಯ ಯಜಮಾನಿಕೆ ಹುಡುಗನ ದೊಡ್ಡಪ್ಪನದು. ಒಂದು ಬೆಳಗ್ಗೆ ಆತ ನಮ್ಮ ಮನೆಯ ಮುಂದೆ ಬಗ್ಗಿ ಚಪ್ಪಲಿ ಸರಿಮಾಡಿಕೊಂಡ. ಒಳಗೆ ಎರಡು ಮಗ್ಗ ಟಕಾಟಕ್ ಎಂದು ಆಡುತ್ತಿದ್ದವು. ಒಂದರಲ್ಲಿ ಅಪ್ಪ, ಇನ್ನೊಂದರಲ್ಲಿ ಕೂಲಿಗೆ ಬರುತ್ತಿದ್ದ ನೇಕಾರ. ಅದಕ್ಕೆ ಒಂದು ತಿಂಗಳು ಮೊದಲು ಎರಡನೇ ಮಗ್ಗ ನೂಲಿಲ್ಲದೆ ಹನ್ನೊಂದು ದಿನ ನಿಂತಿತ್ತು. ಚೀಟಿಗೆ ಸಿಗುವ ನೂಲು ಒಂದು ಮಗ್ಗಕ್ಕೇ ಸಾಲುತ್ತಿರಲಿಲ್ಲ. ಅಪ್ಪ ಬೆಂಗಳೂರಿಗೆ ಹೋಗಿ ಹೆಚ್ಚಿನ ಬೆಲೆಗೆ ನೂಲು ತಂದರು, ಮಗ್ಗ ಮತ್ತೆ ಆಡಿತು. ದುಡ್ಡು ಎಲ್ಲಿಂದ ಬಂತು ಎಂದು ನಾನು ಕೇಳಲಿಲ್ಲ. ಮಗ್ಗ ಆಡುತ್ತಿರುವಾಗ ಅದನ್ನೆಲ್ಲ ಯಾರು ಕೇಳುತ್ತಾರೆ?

ದೊಡ್ಡಪ್ಪನಿಗೆ ಸದ್ದು ಒಪ್ಪಿಗೆಯಾಯಿತು. ಮನೆಗೆ ಬಂದು ಉಪ್ಪಿಟ್ಟು ತಿಂದದ್ದೂ ಆಯಿತು, ನಾನು ಇದ್ದಬದ್ದ ನಾಚಿಕೆಯನ್ನೆಲ್ಲ ಒಟ್ಟು ಮಾಡಿ ತಲೆ ತಗ್ಗಿಸಿ ಕೂತದ್ದೂ ಆಯಿತು. ಎಲ್ಲ ಸರಿಹೋಯಿತು ಎನ್ನುವಾಗ ಆತನಿಗೆ ಇನ್ನೊಂದು ಬುದ್ಧಿ ಬಂತು. ಯಾವುದಕ್ಕೂ ಇರಲಿ ಎಂದು ಬ್ಯಾಂಕಿಗೆ ಹೋಗಿ, ಆ ಮನೆಯವರದು ಸಾಲಗೀಲ ಏನಾದರೂ ಇದೆಯೇ ಎಂದು ಸೆಕ್ರೆಟರಿಯನ್ನು ಕೇಳಿದ.

"ನಾನು ಹೇಳೋ ಹಾಗಿಲ್ಲ" ಎಂದರು ಅವರು.

"ಇದೆ ಅಂತ ಹೇಳ್ಬೇಡಿ ಸ್ವಾಮಿ. ಇಲ್ದಿದ್ರೆ ಇಲ್ಲ ಅಂತ ಅಂದ್ಬಿಡಿ, ಸಾಕು."

"ಅದನ್ನೂ ಹೇಳೋ ಹಾಗಿಲ್ಲ."

ಮುಗಿಯಿತಲ್ಲ! ಇಲ್ಲದಿದ್ದರೆ ಇಲ್ಲ ಅನ್ನುವುದಕ್ಕೆ ಇವರಿಗೇನು ಗಂಟಲು ಕಟ್ಟಿತ್ತೆ, ಹಾಗಾದರೆ ಇದೆ ಎಂದೇ ಅರ್ಥ ಎಂದು ದೊಡ್ಡಪ್ಪ ಲೆಕ್ಕ ಹಾಕಿದ. ಆಗ ಬ್ಯಾಂಕಿನ ಬಾಗಿಲಲ್ಲೇ ನಿಂತಿದ್ದ ಎದುರು ಮನೆಯ ಅಜ್ಜಿ ಈ ಸಂಭಾಷಣೆಯನ್ನು ಅಕ್ಷರ ಬಿಡದೆ ತಂದು ನಮ್ಮ ಜಗಲಿಯ ಮೇಲೆ ಸುರಿದಳು. ಎರಡು ದಿನ ಕಳೆದು ಗಂಡಿನ ಮನೆಯಿಂದ ಮಾತು ಬಂತು: ಆಷಾಢ ಕಳೆಯಲಿ, ಆಮೇಲೆ ನೋಡೋಣ. ಆಷಾಢಕ್ಕೆ ಇನ್ನೂ ಎರಡು ತಿಂಗಳಿತ್ತು. ಅಂದರೆ ಬೇಡ ಎಂದೇ ಅರ್ಥ. ಅಮ್ಮ ಅಡುಗೆಮನೆಯಲ್ಲಿ ಕೂತು ಅತ್ತಳು. ಅಪ್ಪ ಮಾತ್ರ ಎದ್ದು, ಕಾಲು ಇಳಿಬಿಟ್ಟು ನೇಯುವ ಮಗ್ಗದ ಗುಂಡಿಗೆ ಇಳಿದರು.

"ಅಪ್ಪಾ, ನೀವು ಹೋಗಿ ಆ ಸೆಕ್ರೆಟರೀನ ಕೇಳಿ. ನಮ್ಮ ಮನೇಲಿ ಸಾಲ ಇಲ್ಲ ಅಂತ ಒಂದು ಮಾತು ಹೇಳೋಕೆ ಏನು ರೋಗ ಅವ್ರಿಗೆ?" ಎಂದೆ.

"ಬಿಡಮ್ಮ. ಅವ್ರ ಕೆಲಸ ಅವ್ರು ಮಾಡಿದ್ದಾರೆ" ಎಂದರು ಅಪ್ಪ, ಎಳೆಗಳ ನಡುವೆ ಓಡುವ ಲಾಳಿಯಿಂದ ಕಣ್ಣು ಎತ್ತದೆ.

ನಮ್ಮಪ್ಪನ ಸಾಧುತನ ನೋಡಿ ನನಗೆ ತಲೆ ಕೆಟ್ಟುಹೋಯಿತು. ಅಪ್ಪನಿಗೆ ಬಾಯಿಲ್ಲದಿದ್ದರೆ ಹೋಗಲಿ, ನನಗಿದೆಯಲ್ಲ! ಮುಂದಿನ ನೂಲಿನ ದಿನ ಚೀಟಿ ಹಿಡಿದು ನಾನೇ ಹೊರಟೆ. ಹೆಣ್ಣುಮಕ್ಕಳು ಬ್ಯಾಂಕಿಗೆ ಹೋಗುವ ರೂಢಿ ಇರಲಿಲ್ಲ. ಹೋದರೂ ಹೊರಗೆ ನಿಂತು ಗಂಡಸರ ಕೈಗೆ ಚೀಟಿ ಕೊಡುತ್ತಿದ್ದರು. ನಾನು ಸೀದಾ ಒಳಗೆ ನುಗ್ಗಿ ಮೇಜಿನ ಮುಂದೆ ನಿಂತೆ. ಹಿಂದೆ ಇಡೀ ಪೇಟೆ ಸಾಲುಗಟ್ಟಿ ನಿಂತಿತ್ತು. ಲೆಡ್ಜರು ತೆರೆದಿತ್ತು, ಅದರ ಮೇಲೆ ಕೆಂಪು ಬಟ್ಟೆ.

"ನೋಡಿ ಸ್ವಾಮಿ, ನಾನು ಇಂಥವರ ಮಗಳು. ನಮ್ಮ ಮನೇಲಿ ಒಂದು ಕಾಸು ಸಾಲ ಇಲ್ಲ. ನೀವು ಬಾಯಿಗೆ ಬೀಗ ಹಾಕ್ಕೊಂಡು ಕೂತಿದ್ದಕ್ಕೆ ನನ್ನ ಸಂಬಂಧ ಮುರಿದುಹೋಯ್ತು. ಈಗ ಇಷ್ಟು ಜನದ ಮುಂದೆ ಹೇಳಿ, ನಮ್ಮಪ್ಪಂದು ಸಾಲ ಇದೆಯಾ?"

ಅವರು ಲೇಖನಿ ಕೆಳಗಿಟ್ಟರು. ಕೋಪ ಬಂದಂತೆ ಕಾಣಲಿಲ್ಲ.

"ನಾನು ಹೇಳೋ ಹಾಗಿಲ್ಲ ತಾಯಿ."

"ನಾನು ಹೊರಗಿನೋಳಲ್ಲ. ಆ ಮನೆ ಮಗಳು!"

"ಆದ್ರೂ ಅಷ್ಟೇ."

"ಇಲ್ಲ ಅನ್ನೋಕೆ ಏನು ಕಷ್ಟ ನಿಮಗೆ?"

"ನೋಡಮ್ಮ" ಎಂದರು, ಮಗುವಿಗೆ ಲೆಕ್ಕ ಹೇಳಿಕೊಡುವ ದನಿಯಲ್ಲಿ. "ಸಾಲ ಇಲ್ಲದೋರ ವಿಷಯಕ್ಕೆ ಇಲ್ಲ ಅಂತ ನಾನು ಬಾಯಿಬಿಟ್ಟು ಹೇಳ್ತಾ ಹೋದ್ರೆ, ಇರೋರ ವಿಷಯಕ್ಕೆ ಸುಮ್ನಿದ್ದಾಗ ಆ ಸುಮ್ನಿರೋದೇ ಉತ್ತರ ಆಗೋಗುತ್ತೆ. ಅದಕ್ಕೇ ಇದ್ದೋರಿಗೂ ಒಂದೇ ಮಾತು, ಇಲ್ಲದೋರಿಗೂ ಒಂದೇ ಮಾತು. ನಿಮ್ಮ ತಂದೆ ಬಂದು ಅವ್ರದು ಅವ್ರು ಕೇಳಲಿ, ಬರೆದು ಕೈಗೆ ಕೊಡ್ತೀನಿ. ಅದನ್ನ ಅವ್ರು ಯಾರಿಗೆ ಬೇಕಾದ್ರೂ ತೋರಿಸ್ಲಿ."

ಮಾತು ನ್ಯಾಯವಾಗಿಯೇ ಇತ್ತು. ಅದರಿಂದಲೇ ನನಗೆ ಇನ್ನಷ್ಟು ಸಿಟ್ಟು ಬಂತು.

"ಬರೆದು ಬೇರೆ ಕೊಡ್ತೀರಾ? ನಮ್ಮ ಬೀದಿಗೆ ಬನ್ನಿ, ಕಿವಿ ಇದ್ರೆ ಕೇಳಿಸ್ಕೊಳ್ಳಿ! ಎರಡು ಮಗ್ಗ ಆಡ್ತಾ ಇವೆ ನಮ್ಮ ಮನೇಲಿ. ಸಾಲ ಇರೋ ಮನೇಲಿ ಎರಡನೇ ಮಗ್ಗ ಆಡುತ್ತಾ? ಹೇಳಿ, ಆಡುತ್ತಾ?"

ಅವರು ತಲೆ ಎತ್ತಿ ನನ್ನನ್ನು ಒಮ್ಮೆ ನೋಡಿದರು. ಕೆಂಪು ಬಟ್ಟೆ ಒಂದು ಕಡೆ ಸರಿದಿತ್ತೇನೋ, ಅದನ್ನು ಎಳೆದು ನೇರ ಮಾಡಿ, ಮೇಲೆ ಅಂಗೈ ಊರಿ ಕೂತರು.

"ನಿಮಗೂ ಹೆಣ್ಣುಮಕ್ಕಳಿದ್ದಿದ್ರೆ ಗೊತ್ತಾಗ್ತಿತ್ತು" ಎಂದೆ.

"ಇಬ್ಬರಿದ್ದಾರೆ ತಾಯಿ" ಎಂದರು.

ಸಾಲಿನಲ್ಲಿದ್ದವರು ಗೊಳ್ಳೆಂದು ನಕ್ಕರು. ನನ್ನ ಕಣ್ಣಲ್ಲಿ ನೀರು ಬಂದುಬಿಟ್ಟಿತು. ಅವರು ಎದ್ದು, ಮೂಲೆಯ ಹೂಜಿಯಿಂದ ಒಂದು ಲೋಟ ನೀರು ತಂದು ಮೇಜಿನ ಮೇಲೆ ಇಟ್ಟರು. ನಾನು ಅದನ್ನು ಮುಟ್ಟಲಿಲ್ಲ. "ನಿಮ್ಮ ಬಾಯಿಗೆ ಹುಳ ಬೀಳ!" ಎಂದು ಶಾಪ ಹಾಕಿ, ನೂಲನ್ನೂ ತೆಗೆದುಕೊಳ್ಳದೆ ಬಂದುಬಿಟ್ಟೆ. ಅವರ ವಯಸ್ಸು ನಮ್ಮಪ್ಪನಷ್ಟೇ ಇತ್ತು.

ನಾನು ಮನೆ ಮುಟ್ಟುವುದರೊಳಗೆ ಸುದ್ದಿ ಮುಟ್ಟಿತ್ತು. ಅಪ್ಪ ಹೊಡೆಯುತ್ತಾರೆ ಎಂದು ಕಾದೆ. ಹೊಡೆಯಲಿಲ್ಲ. ಮಗ್ಗದ ಗುಂಡಿಯಲ್ಲಿ ಕೂತವರು ಲಾಳಿ ಪಕ್ಕಕ್ಕಿಟ್ಟರು. "ಅವ್ರಿಗೆ ಹಾಗನ್ಬಾರ್ದಿತ್ತು ಕಣಮ್ಮ" ಎಂದರು. ಮತ್ತೆ, ಇನ್ನೂ ಮೆಲ್ಲಗೆ, "ಅವ್ರಿಗೆ ಹಾಗನ್ಬಾರ್ದಿತ್ತು." ಮಾರನೆಯ ದಿನ ತಾವೇ ಬ್ಯಾಂಕಿಗೆ ಹೋಗಿ, ಎತ್ತಿಟ್ಟಿದ್ದ ನಮ್ಮ ಪಾಲಿನ ನೂಲು ತಂದರು.

ಹದಿನೈದು ದಿನವೂ ಆಗಿರಲಿಲ್ಲ, ಗಂಡಿನ ದೊಡ್ಡಪ್ಪ ಎಲೆ ಅಡಿಕೆ ತೆಂಗಿನಕಾಯಿ ಹಿಡಿದು ಬಾಗಿಲಿಗೆ ಬಂದ. ಆಷಾಢದ ಮಾತೇ ಇಲ್ಲ. ಆ ತಿಂಗಳೇ ಲಗ್ನ ಆಗಬೇಕು ಎಂದು ಕೂತ. ನಮಗೆ ಯಾರಿಗೂ ತಲೆಬುಡ ತಿಳಿಯಲಿಲ್ಲ. ಅಮ್ಮ ಘಾಟಿ ದೇವರಿಗೆ ಹರಕೆ ಹೊತ್ತಿದ್ದಳು, ಅದು ಫಲಿಸಿತು ಎಂದಳು. ನಾನೂ ಹಾಗೇ ನಂಬಿದೆ. ಬೇಕಾದವನು ಸಿಕ್ಕಿದ ಮೇಲೆ ಕಾರಣ ಯಾರಿಗೆ ಬೇಕು?

ಕಾರಣ ತಿಳಿದದ್ದು ಮದುವೆಯಾಗಿ ಒಂದೆರಡು ವರ್ಷ ಕಳೆದ ಮೇಲೆ, ಆ ದೊಡ್ಡಪ್ಪನಿಂದಲೇ. ನನ್ನ ಜೊತೆ ಆತನಿಗೆ ಸಲಿಗೆ ಬೆಳೆದಿತ್ತು. ಒಂದು ದಿನ ಊಟಕ್ಕೆ ಕೂತಾಗ ನಕ್ಕು ಹೇಳಿದ:

"ನೀನು ಆವತ್ತು ಬ್ಯಾಂಕಿನಲ್ಲಿ ಕೂಗಾಡಿದೆಯಲ್ಲ, ನಾನೂ ಆ ಸಾಲಲ್ಲೇ ನಿಂತಿದ್ದೆ ಕಣೇ. ಕಂಬದ ಹಿಂದೆ."

"ಅಯ್ಯೋ! ಮತ್ತೆ ಅಂಥ ಬಜಾರಿ ಬೇಡ ಅಂತ ಅನ್ನಿಸ್ಲಿಲ್ವಾ?"

"ಅನ್ನಿಸ್ತು. ಆದ್ರೆ ಇನ್ನೊಂದೂ ಅನ್ನಿಸ್ತು ನೋಡು. ನಮ್ಮ ಮನೇದು ಆಗ ಲೇವಾದೇವಿಯವನ ಹತ್ರ ಕತ್ತಿನ ತನಕ ಸಾಲ. ಬ್ಯಾಂಕಿಗೆ ಹೋದ್ರೆ ಊರಿಗೆಲ್ಲ ಗೊತ್ತಾಗುತ್ತೆ ಅಂತ ಹೆದರಿ ಬಡ್ಡಿ ಕಟ್ಟಿ ಸಾಯ್ತಿದ್ದೆ. ಮನೆ ಮಗಳು ಬಂದು ಅತ್ರೂ ಬಾಯಿ ಬಿಡದೋನು ನನ್ನ ವಿಷಯ ಯಾರಿಗೆ ಹೇಳ್ತಾನೆ ಅಂತ ಅನ್ನಿಸ್ತು. ಮುಂದಿನ ನೂಲಿನ ದಿನವೇ ಅರ್ಜಿ ಕೊಟ್ಟೆ. ಲೇವಾದೇವಿಯವನ ಕಾಟ ತಪ್ತು. ಆಮೇಲೆ ನಿಮ್ಮಪ್ಪನ ಸಾಲ ಇದೆಯೋ ಇಲ್ವೋ ಅಂತ ಕೇಳೋಕೆ ನನಗ್ಯಾವ ಮುಖ ಇತ್ತು? ಎಲ್ಲರ ಮನೆ ದೋಸೇನೂ ತೂತೇ."

ನನ್ನ ಗಂಡನ ಮನೆಯ ಸಾಲ ನನ್ನ ಗಂಡನಿಗೇ ಆವತ್ತು ಗೊತ್ತಾದದ್ದು. ಅನ್ನದ ತಟ್ಟೆಯಲ್ಲಿ ಕೈಯಿಟ್ಟು ಬಾಯಿ ಬಿಟ್ಟುಕೊಂಡು ಕೂತಿದ್ದ ಪಾಪ. ನನಗೆ ನಗು ತಡೆಯಲಾಗಲಿಲ್ಲ. "ನಮ್ಮಪ್ಪಂದು ಸಾಲ ಇರ್ಲಿಲ್ಲ ಬಿಡಿ" ಎಂದು ಜಂಬದಿಂದ ಹೇಳಿ ದೊಡ್ಡಪ್ಪನಿಗೆ ಇನ್ನೊಂದು ಸೌಟು ಹುಳಿ ಬಡಿಸಿದೆ.

ಆ ಜಂಬ ಯುದ್ಧ ಮುಗಿಯುವ ತನಕ ಉಳಿಯಿತು. ಆಮೇಲೆ ಒಮ್ಮೆ ಹಬ್ಬಕ್ಕೆ ಮಗುವಿನ ಜೊತೆ ತವರಿಗೆ ಹೋಗಿದ್ದೆ. ಅಪ್ಪ ನನ್ನನ್ನು ಮಗ್ಗದ ಕೋಣೆಗೆ ಕರೆದು, ಮಡಿಸಿದ ಒಂದು ಕಾಗದ ಕೈಗೆ ಕೊಟ್ಟರು. ಬ್ಯಾಂಕಿನ ಸಾಲಪತ್ರ. ಅಡ್ಡಲಾಗಿ ಚುಕ್ತಾ ಎಂದು ಮುದ್ರೆ ಬಿದ್ದಿತ್ತು. ಕೆಳಗೆ ಸೆಕ್ರೆಟರಿಯ ರುಜು.

"ನಿನ್ನೆ ತೀರ್ತು. ಇನ್ನು ನಿನಗೆ ಹೇಳ್ಬಹುದು ಅಂತ" ಎಂದರು ಅಪ್ಪ.

ತಾರೀಖು ನೋಡಿದೆ. ಎರಡನೇ ಮಗ್ಗ ಹನ್ನೊಂದು ದಿನ ನಿಂತು ಮತ್ತೆ ಆಡಲು ಶುರುವಾದ ವಾರ. ಅಡವು ಎಂಬ ಕಡೆ ಎರಡನೇ ಮಗ್ಗದ ವಿವರ ಬರೆದಿತ್ತು. ಚೌಕಟ್ಟು, ಹಲಗೆ, ಲಾಳಿ ಸಮೇತ.

"ಗಂಡಿನೋರು ಯಾವತ್ತು ಬಂದು ಚಪ್ಪಲಿ ಮುಟ್ಕೋತಾರೋ ಅಂತ ಭಯ ಇತ್ತಮ್ಮ. ಮಗ್ಗ ನಿಂತಿದ್ರೆ ನಿನ್ನ ಮದುವೇನೂ ನಿಂತುಹೋಗ್ತಿತ್ತು. ಅದಕ್ಕೇ ಆ ಮಗ್ಗಾನೇ ಅಡ ಇಟ್ಟು ಅದಕ್ಕೇ ನೂಲು ತಂದೆ. ಅಮ್ಮಂಗೂ ಹೇಳಿರ್ಲಿಲ್ಲ."

ನಾನು ಆ ಕಾಗದವನ್ನು ಮತ್ತೊಮ್ಮೆ ಓದಿದೆ. ಎರಡು ಮಗ್ಗ ಆಡ್ತಾ ಇವೆ, ಕಿವಿ ಇದ್ರೆ ಕೇಳಿಸ್ಕೊಳ್ಳಿ ಎಂದು ಇಡೀ ಪೇಟೆಯ ಮುಂದೆ ಕಿರುಚಿದ್ದೆನಲ್ಲ, ಆ ಮಗ್ಗವೇ ಅವರ ಲೆಡ್ಜರಿನಲ್ಲಿತ್ತು. ಅವರ ಅಂಗೈ ಆ ಹೊತ್ತು ಯಾವ ಪುಟದ ಮೇಲಿತ್ತೋ ನನಗೆ ಗೊತ್ತಿಲ್ಲ. ಒಂದೇ ಒಂದು ಮಾತು, "ಹೋಗಮ್ಮ, ಆ ಮಗ್ಗಕ್ಕೆ ನೂಲು ಹೇಗೆ ಬಂತು ಅಂತ ನಿಮ್ಮಪ್ಪನ್ನ ಕೇಳು" ಎಂದು ಒಂದು ಸ್ವಲ್ಪ ಒರಟಾಗಿ ಅಂದಿದ್ದರೂ ಸಾಕಿತ್ತು. ನನ್ನ ಬಾಯಿ ಮುಚ್ಚುತ್ತಿತ್ತು. ಅಪ್ಪನ ಮಾನ ಹೋಗುತ್ತಿತ್ತು, ಕಂಬದ ಹಿಂದೆ ನಿಂತಿದ್ದ ದೊಡ್ಡಪ್ಪ ಹಾಗೇ ಮನೆಗೆ ಹೋಗುತ್ತಿದ್ದ. ಅವರು ಶಾಪ ಹಾಕಿಸಿಕೊಂಡರು, ನೀರು ತಂದಿಟ್ಟರು. ನೆನೆಸಿಕೊಂಡರೆ ಇವತ್ತಿಗೂ ನಾಚಿಕೆಯಾಗುತ್ತದೆ. ಅಂಥ ಇನ್ನೊಬ್ಬ ಗಟ್ಟಿ ಮನುಷ್ಯನನ್ನು ನಾನು ನೋಡಿಲ್ಲ.

ಯುದ್ಧ ಮುಗಿದರೂ ನೂಲಿನ ಚೀಟಿ ಇನ್ನೂ ಹೋಗಿರಲಿಲ್ಲ, ಮಾರನೆಯ ದಿನ ನೂಲಿನ ದಿನವೇ ಆಗಿತ್ತು. ಮಗುವನ್ನು ಕಂಕುಳಲ್ಲಿ ಎತ್ತಿಕೊಂಡು ಬ್ಯಾಂಕಿಗೆ ಹೋದೆ. ಕೋಟಿನ ಮೊಣಕೈ ಇನ್ನಷ್ಟು ಸವೆದಿತ್ತು. ಕೆಂಪು ಬಟ್ಟೆ ಬಿಳಿಚಿಕೊಂಡಿತ್ತು. ನನ್ನನ್ನು ಕಂಡು ಗುರುತು ಹಿಡಿದರು.

"ತಪ್ಪಾಯ್ತು ಸ್ವಾಮಿ" ಎಂದೆ, ಬೇರೆಯವರಿಗೆ ಕೇಳಿಸದ ಹಾಗೆ. "ಆವತ್ತು ಏನೇನೋ ಅಂದ್ಬಿಟ್ಟೆ. ಅಪ್ಪ ಎಲ್ಲ ಹೇಳಿದ್ರು. ಆ ಮಗ್ಗದ ವಿಷಯ."

"ಏನು ಹೇಳಿದ್ರೋ ನನಗೆ ತಿಳೀದು ತಾಯಿ."

"ತೀರಿಹೋಯ್ತಲ್ಲ ಸ್ವಾಮಿ! ಪತ್ರ ನಾನೇ ನೋಡ್ದೆ. ಈಗಾದ್ರೂ ಹೌದು ಅನ್ನಿ."

ಅವರು ನಶ್ಯದ ಡಬ್ಬಿ ತೆರೆದು ಮುಚ್ಚಿದರು. "ನಿಮ್ಮ ತಂದೆ ಹೇಳಿದ್ರೆ ಅದು ಅವ್ರ ಬಾಯಿ. ಅವ್ರಿಗೆ ಹಕ್ಕಿದೆ. ನನ್ನ ಬಾಯಿ ಬ್ಯಾಂಕಿನದು."

ನನಗೆ ಅಳು ಬಂತು. ಆವತ್ತು ಸಿಟ್ಟಿಗೆ ಬಂದಿತ್ತು, ಇವತ್ತಿನದು ಬೇರೆ. ಅವರು ಎದ್ದು ಹೂಜಿಯಿಂದ ನೀರು ತಂದಿಟ್ಟರು. ಮಗುವಿಗೆ ಎರಡು ಗುಟುಕು ಕುಡಿಸಿ, ಉಳಿದದ್ದನ್ನು ನಾನು ಕುಡಿದೆ. ಕೈಮುಗಿದು, ಕಣ್ಣು ಒರೆಸಿಕೊಂಡು ಹೊರಟೆ.

ಬಾಗಿಲು ದಾಟಿ ಮೆಟ್ಟಿಲು ಇಳಿಯುವಾಗ ಹಿಂದಿನಿಂದ ಎದುರು ಮನೆಯ ಅಜ್ಜಿಯ ದನಿ ಕೇಳಿಸಿತು. ಮೊಮ್ಮಗನ ಜೊತೆ ಅವಳೂ ಸಾಲಿನಲ್ಲಿದ್ದಳು.

"ಏನಪ್ಪಾ ಸೆಕ್ರೆಟರಿ, ಆ ಹುಡುಗಿ ಯಾಕೆ ಅಳ್ತಾ ಹೋಯ್ತು? ಸಾಲಕ್ಕೇನಾದ್ರೂ ಬಂದಿದ್ಲಾ?"

ಮಗುವನ್ನು ಎದೆಗೆ ಒತ್ತಿಕೊಂಡು ಅಲ್ಲೇ ನಿಂತೆ.

"ನಾನು ಹೇಳೋ ಹಾಗಿಲ್ಲ ಅಜ್ಜಿ" ಎಂದರು ಅವರು.